ಆರು ಸೆಕೆಂಡಿನ ತಾತ

ನಾಲ್ಕು ಜನರೆದುರು ಬಾಯಿ ಬಿಡಲು ಹೆದರುವ ನಿಮ್ಮ ಅಜ್ಜಿ ಏಳು ವರ್ಷ ಟಿ.ವಿ.ಯಲ್ಲಿ ಅತ್ತಿದ್ದಾಳೆ ಎಂದರೆ ನೀವು ನಗುತ್ತೀರಿ. ನಗಿ. ಅವತ್ತು ನಾನೂ ನಗುತ್ತಲೇ ಇದ್ದೆ.

ಚೆನ್ನೈಯ ವೇಲಚೇರಿಯಲ್ಲಿ ಮನೆ ಮಾಡಿದ ಮೊದಲ ಮಳೆಗಾಲ. ರಸ್ತೆಯಲ್ಲಿ ಮೊಳಕಾಲುದ್ದ ನೀರು. ನಿಮ್ಮ ತಾತ ಪಂಚೆ ಮೇಲೆತ್ತಿ ಕಟ್ಟಿ, ತಲೆಯ ಮೇಲೆ ಮಿಕ್ಸಿ ಹೊತ್ತು, ರೈಲ್ವೆ ಆಫೀಸಿಗೆ ಹೊರಟ ಗತ್ತಿನಲ್ಲೇ ನಡೆಯುತ್ತಿದ್ದರು. ಹಿಂದೆ ನಾನು, ನಗು ತಡೆಯಲಾರದೆ ಸೆರಗಿನಲ್ಲಿ ಮುಖ ಮುಚ್ಚಿಕೊಂಡು. ಯಾರೋ ಕ್ಯಾಮೆರಾ ಹಿಡಿದಿದ್ದರು.

ಎರಡು ವರ್ಷದಲ್ಲಿ ತಾತ ಹೋದರು. ನಾನು ನುಂಗಂಬಾಕ್ಕಂನ ಒಂದು ಚಾನೆಲ್ಲಿನ ಟೇಪ್ ಲೈಬ್ರರಿಗೆ ಸೇರಿದೆ. ಟೇಪಿನಲ್ಲಿ ಏನಿದೆಯೆಂದು ನೋಡಿ ಚೀಟಿ ಬರೆದು ಅಂಟಿಸುವ ಕೆಲಸ. ಹಳ್ಳಿ ಮೇಷ್ಟ್ರು ತಿದ್ದಿಸಿದ ನನ್ನ ಅಕ್ಷರ ಇಂಗ್ಲಿಷಿನಲ್ಲೂ ದುಂಡಗೇ ಇತ್ತು. ಒಂದು ದಿನ ಟೇಪು ಹಾಕಿದರೆ, ನಾವಿಬ್ಬರೂ. ಆರು ಸೆಕೆಂಡು. ಯಾರೋ ಮೊದಲೇ ಅಂಟಿಸಿದ್ದ ಚೀಟಿಯಲ್ಲಿ ‘ಪ್ರವಾಹ, ಅಳುವ ಹೆಂಗಸು’ ಎಂದಿತ್ತು.

ಇವತ್ತಿನ ಸುದ್ದಿಯೆಂದು ಕೂಗುವವರ ಬೀರುವಿನಲ್ಲಿ ಇರುವುದೆಲ್ಲ ಹೋದ ವರ್ಷದ ಮಳೆ. ಮೋಡ ಕಟ್ಟಿದರೆ ಸಾಕು, ಸುದ್ದಿ ವಿಭಾಗದ ಮುರಳಿ ಓಡಿ ಬರುತ್ತಿದ್ದ. ಮೈಸೂರಿನವರ ಮಗ, ಚೆನ್ನೈಯಲ್ಲೇ ಹುಟ್ಟಿದವನು.

“ಅಮ್ಮಾ, ಆ ಅಳೋ ಲೇಡಿ ಟೇಪ್ ಕೊಡಿ ಮಾ, ಸೀಕ್ರಂ, ಬೇಗ.”

“ಹೊರಗೇ ಮಳೆ ಬರ್ತಿದೆಯಲ್ಲಪ್ಪ, ಹೋಗಿ ತೆಗೀಬಾರ್ದಾ?”

“ಕ್ಯಾಮೆರಾ ನೆನೆಯುತ್ತೆ ಮಾ. ಅದೂ ಅಲ್ದೆ ಆ ಲೇಡಿ ಥರ ಯಾರೂ ಅಳಲ್ಲ.”

ಆ ಲೇಡಿಯ ಕೈಯಿಂದಲೇ ಟೇಪು ಇಸಿದುಕೊಂಡು ಓಡುತ್ತಿದ್ದ. ಒಮ್ಮೆ ಆಂಧ್ರದ ಪ್ರವಾಹಕ್ಕೂ ನಾನೇ ಅತ್ತೆ.

ಆಮೇಲೆ ಮಳೆಗೆ ಜಗ್ಗದ ಹೊಸ ಕ್ಯಾಮೆರಾ ಬಂತು. ಹಳೆಯ ಮಳೆ ಯಾರಿಗೂ ಬೇಡವಾಯಿತು. ಹಳೆ ಟೇಪುಗಳನ್ನೆಲ್ಲ ಅಳಿಸಿ ಮತ್ತೆ ಬಳಸಬೇಕು, ನಾಯಕರ ಭಾಷಣಗಳನ್ನು ಮಾತ್ರ ಮುಟ್ಟಬಾರದು ಎಂದು ಮೇಲಿನವರ ಆಜ್ಞೆ. ಮನೆಯ ಫೋಟೋಗಳಲ್ಲಿ ತಾತ ಸುಮ್ಮನೆ ನಿಂತಿರುತ್ತಾರೆ. ನಡೆಯುವುದು ಆ ಟೇಪಿನಲ್ಲಿ ಮಾತ್ರ. ಅದೊಂದನ್ನು ಉಳಿಸಿ ಎಂದು ಕೇಳಲು ಎರಡು ಸಲ ಮುರಳಿಯ ಮೇಜಿನವರೆಗೆ ಹೋದೆ. ಎರಡು ಸಲವೂ ನೀರು ಕುಡಿದು ಬಂದೆ.

ಕೊನೆಗೆ ಹಳೆಯ ಚೀಟಿ ಕಿತ್ತು, ದುಂಡಗೆ ಬರೆದು ಅಂಟಿಸಿದೆ: ‘ನಾಯಕರ ಭಾಷಣ, ಸಂಪೂರ್ಣ’. ಅಷ್ಟು ಭದ್ರವಾದ ಜಾಗ ಲೋಕದಲ್ಲಿ ಇನ್ನೊಂದಿಲ್ಲ. ಅದನ್ನು ಅಳಿಸುವ ಧೈರ್ಯ ಯಾರಿಗೂ ಇಲ್ಲ, ನೋಡುವ ತಾಳ್ಮೆಯೂ ಇಲ್ಲ. ಕಂಪ್ಯೂಟರು ಬಂದಾಗ ಗಣ್ಯರ ಟೇಪುಗಳೇ ಮೊದಲು ಅದರೊಳಗೆ ಹೋದವು. ನಿಮ್ಮ ತಾತನೂ ಮಿಕ್ಸಿ ಸಮೇತ ಹೋದರು.

ಕೆಲಸ ಬಿಡುವ ದಿನ ಆ ಭಾಷಣದ ಒಂದು ಸಿ.ಡಿ. ಮಾಡಿಕೊಡಲು ಕೇಳಿದೆ. ಮುರಳಿ ಮರುಕದಿಂದ ನೋಡಿದ. “ಇದನ್ನ ಯಾರು ಮಾ ನೋಡ್ತಾರೆ?”

“ಮೊಮ್ಮಕ್ಕಳು” ಎಂದೆ.

ಸಿ.ಡಿ. ನನ್ನ ಸೀರೆಗಳ ಕೆಳಗಿದೆ. ಮೇಲೆ ಭಾಷಣ ಎಂದು ಬರೆದಿದೆ, ಹೆದರಬೇಡಿ. ತಾತ ಒಂದು ಮಾತೂ ಆಡುವುದಿಲ್ಲ, ಸುಮ್ಮನೆ ನಡೆಯುತ್ತಾರೆ. ಹಿಂದೆ ಬರುತ್ತಿರುವವಳನ್ನು ಸರಿಯಾಗಿ ನೋಡಿ. ಅವಳ ಭುಜ ಕುಲುಕುತ್ತಿರುವುದು ಅಳುವಿನಿಂದಲ್ಲ.