ಎರಡು ಸೇರು ಮೈದಾಕ್ಕೆ ಸಿಕ್ಕಿದ ಸುದ್ದಿ

ಇರಾಕಿನವರು ಕುವೈತಿಗೆ ನುಗ್ಗಿದ ಮೇಲೆ ಮೈದಾದ ಬೆಲೆ ಕೇಳಿದರೆ ತಲೆ ತಿರುಗುತ್ತಿತ್ತು ನೋಡಿ! ನಾವಿದ್ದ ಫರ್ವಾನಿಯಾದ ಅಂಗಡಿಯಲ್ಲಿ ಬೆಳಿಗ್ಗೆ ಒಂದು ರೇಟು, ಮಧ್ಯಾಹ್ನ ಇನ್ನೊಂದು. ನನ್ನ ಹತ್ತಿರ ಮಾತ್ರ ಅರ್ಧ ಗೋಣಿ ಇತ್ತು. ನಾನು ಅಡುಗೆಗಿದ್ದ ಮನೆಯವರು ದೇಶ ಬಿಟ್ಟು ಓಡುವಾಗ ಕೊಟ್ಟದ್ದು.

ಮೇಲಿನ ಫ್ಲಾಟಿನ ಲಿಲ್ಲಿ ಬಾಯಿ ಬಂದಳು. ಗಂಡ ಪೇಟೆಯ ಮಿರ್ಕಾಬಿನಲ್ಲಿ ಒಂದು ಆಫೀಸಿನ ಮ್ಯಾನೇಜರ್ ಎಂದು ನಮ್ಮೊಟ್ಟಿಗೆ ಮಾತೇ ಆಡದವಳು!

"ಅಕ್ಕಾ, ಮಕ್ಕಳಿಗೆ ನಿನ್ನೆಯಿಂದ ರೊಟ್ಟಿ ಇಲ್ಲ. ಒಂದು ಸೇರು ಕೊಡಿ, ಎಷ್ಟು ಹೇಳಿದರೂ ಕೊಡುತ್ತೇನೆ."

"ದುಡ್ಡು ಯಾರಿಗೆ ಬೇಕು ಬಾಯಿ? ನಿನ್ನ ಗಂಡನಿಗೆ ನಿಜವಾಗಿ ಎಂಥ ಕೆಲಸ, ಅದೊಂದು ಹೇಳು."

ಅವಳ ಮುಖ ಕೆಂಪಾಯಿತು. "ಆಫೀಸಿನಲ್ಲಿ ಚಾ ಮಾಡುವುದು. ಇಲ್ಲಿಂದ ಟೈ ಕಟ್ಟಿ ಹೋಗುತ್ತಾರೆ, ಅಲ್ಲಿ ಬಿಚ್ಚಿಡುತ್ತಾರೆ."

ಅಬ್ಬಾ, ನನಗೆ ಹಬ್ಬವೇ ಹಬ್ಬ! ಎರಡು ಸೇರು ಅಳೆದುಕೊಟ್ಟೆ. ಹೇಳದಿದ್ದರೂ ಕೊಡುತ್ತಿದ್ದೆ ಬಿಡಿ, ಮಕ್ಕಳ ಹೊಟ್ಟೆಯ ವಿಷಯ.

ಅವಳು ಹೋದದ್ದೇ ಸುದ್ದಿ ಹೇಳಲು ಬಿಲ್ಡಿಂಗಿನ ಎಲ್ಲ ಬಾಗಿಲು ತಟ್ಟಿದೆ. ಒಂದೂ ತೆರೆಯಲಿಲ್ಲ. ನಮ್ಮವರೆಲ್ಲ ಊರಿಗೆ ಮರಳಲು ಆಗಲೇ ಜೋರ್ಡಾನಿನ ಬಸ್ಸು ಹತ್ತಿಯಾಗಿತ್ತು. ತಡೆಯಲಾರದೆ ಮೇಲೆ ಹೋಗಿ ಲಿಲ್ಲಿ ಬಾಯಿಗೇ ಹೇಳಿದೆ, ಸ್ವಲ್ಪ ಉಪ್ಪು ಖಾರ ಸೇರಿಸಿ. ಅವಳೂ ರೊಟ್ಟಿ ಲಟ್ಟಿಸುತ್ತಾ, "ಹೌದಾ ಅಕ್ಕಾ? ಮತ್ತೆ?" ಎಂದು ಕೇಳುತ್ತಿದ್ದಳು.