ತುಳೀರಿ, ಸಾಕ್ರಿ

ಎರೆ ಮಣ್ಣಿನ ಅಂಗಳದಲ್ಲಿ ಜ್ಯಾಕು ಒಂದು ಬದಿಗೆ ಹೂತು ಕಾರು ನನ್ನ ಕಾಲ ಮೇಲೆ ಕೂರಬಹುದಿತ್ತು. ತುಕ್ಕು ಹಿಡಿದ ಬೋಲ್ಟು ಪಾನಾದ ತಿರುವಿಗೆ ತುಂಡಾಗಿ ಅರ್ಧ ಒಳಗೇ ಉಳಿಯಬಹುದಿತ್ತು. ಪಿಸ್ಟನ್ನಿನ ರಬ್ಬರು ಹರಿಯಬಹುದಿತ್ತು. ಬ್ರೇಕ್ ಆಯಿಲ್ ಉಕ್ಕಿ ಕಾರಿನ ಬಣ್ಣ ತಿನ್ನಬಹುದಿತ್ತು. ಹೊಸ ಬ್ರೇಕ್ ಪ್ಯಾಡುಗಳನ್ನು ನಾನು ಹಿಂದುಮುಂದಾಗಿ ಕೂರಿಸಬಹುದಿತ್ತು. ಹೈಸ್ಕೂಲಿನಲ್ಲಿ ಸಮಾಜ ವಿಜ್ಞಾನ ಕಲಿಸುವವನಿಂದ ಅದಕ್ಕಿಂತ ಹೆಚ್ಚಿನದನ್ನು ಯಾರೂ ನಿರೀಕ್ಷಿಸುವುದೂ ಇಲ್ಲ. ಚಕ್ರದ ನಟ್ಟು ಬಿಗಿ ಮಾಡಲು ಮರೆತು, ಹುಬ್ಬಳ್ಳಿ ರಸ್ತೆಯಲ್ಲಿ ನನ್ನದೇ ಚಕ್ರ ನನ್ನನ್ನು ಹಿಂದೆ ಹಾಕಿ ಹೋಗಬಹುದಿತ್ತು. ಎಲ್ಲಕ್ಕಿಂತ ಕೆಟ್ಟದ್ದೆಂದರೆ, ದುಮ್ಮವಾಡದ ಹತ್ತಿರ ಎಲ್ಲಾದರೂ ಇಳಿಜಾರಿನಲ್ಲಿ, ಪಕ್ಕದ ಸೀಟಿನಲ್ಲಿ ಕಾಕಿ ಕುಳಿತಿರುವಾಗ, ತುಳಿದ ಬ್ರೇಕು ಹಾಗೇ ನೆಲ ಮುಟ್ಟಿಬಿಡಬಹುದಿತ್ತು.

ನನ್ನ ಕಾರಿನ ಬ್ರೇಕನ್ನು ನಾನೇ ಬಿಚ್ಚಿ ಹೊಸದು ಹಾಕಿದ ಆ ದಿನ ಇವುಗಳಲ್ಲಿ ಒಂದೂ ಆಗಲಿಲ್ಲ. ತಪ್ಪಿದ್ದು ಒಂದು ಸಣ್ಣ ಸಂಗತಿ. ಅದನ್ನು ಹೇಳುವ ಮೊದಲು ಕಾಕಿಯ ಗಂಡ, ಗಾಡಿ ರಿಪೇರಿಯ ನಮ್ಮ ಮಿಸ್ತ್ರಿ ಕಾಕಾನ ಹೆಬ್ಬೆರಳಿನ ಬಗ್ಗೆ ಹೇಳಬೇಕು.

ಅವರ ಎಡಗೈ ಹೆಬ್ಬೆರಳು ಗೆಣ್ಣಿನಿಂದ ಮೇಲೆ ಇರಲಿಲ್ಲ. ಉಳಿದ ಮೊಂಡು ತುದಿ ಸವೆದ ಸಾಬೂನಿನ ಹಾಗೆ ನುಣುಪಾಗಿತ್ತು. ಅದರ ಸುತ್ತ ಗ್ರೀಸು ಎಂದೂ ಹೋಗದ ಕಪ್ಪು ಗೆರೆಯಾಗಿ ಕೂತಿತ್ತು. ಒಮ್ಮೆ ನಾನು ಕಾರಿನ ಬಗೆಗಿನ ನನ್ನ ಚಿಂತೆಗಳನ್ನೆಲ್ಲ ಅವರ ಮುಂದೆ ಬೆರಳು ಮಡಚಿ ಒಂದೊಂದಾಗಿ ಎಣಿಸುತ್ತಿದ್ದೆ. ಕಾಕಾ ತಾಳ್ಮೆಯಿಂದ ಕೇಳಿ, ಕೊನೆಗೆ ತಮ್ಮ ಎರಡೂ ಕೈ ಎತ್ತಿ ತೋರಿಸಿದರು.

"ಮಾಸ್ತರ್ರ, ನನ್ನ ಕಡೆ ಒಂಬತ್ತೂವರಿ ಬೆರಳ ಅದಾವು. ಅದಕ್ಕಿಂತ ಹೆಚ್ಚಿನ ಚಿಂತಿ ತಂದ್ರ ನನ್ನ ಕೈಲೆ ಎಣಸಾಕ ಆಗೂದಿಲ್ರಿ. ಸಾಕ್ರಿ."

ಅಣ್ಣಿಗೇರಿಯಲ್ಲಿ ಗದಗ ರಸ್ತೆಗೆ ಮುಖ ಮಾಡಿದ ತಗಡಿನ ಶೆಡ್ಡು ಅವರದು. ಅದರ ಬೆನ್ನಿಗೇ ಮನೆ. ನಾನು ಇರುವುದು ಶಲವಡಿಯಲ್ಲಿ. ಯಾರೋ ಓಡಿಸಿ ಬಿಟ್ಟ ಬಿಳಿ ಕಾರೊಂದನ್ನು ಧೈರ್ಯ ಮಾಡಿ ಕೊಂಡಿದ್ದೆ. ಒಂದು ವರ್ಷಕ್ಕೆಲ್ಲ ಅದರ ಮುಂದಿನ ಚಕ್ರ ಚೀರತೊಡಗಿದಾಗ ಮೊದಲ ಸಲ ಅವರ ಶೆಡ್ಡಿಗೆ ಹೋದೆ. ಕಾಕಾ ಚಕ್ರ ಬಿಚ್ಚಿ, ಬ್ರೇಕ್ ಪ್ಯಾಡನ್ನು ಹೊರತೆಗೆದು ಅಂಗೈ ಮೇಲಿಟ್ಟುಕೊಂಡು ಬಹಳ ಹೊತ್ತು ನೋಡಿದರು. ಚಕ್ರದ ಡಿಸ್ಕನ್ನು ಎರಡೂ ಕಡೆಯಿಂದ ಅಮುಕಿ ಹಿಡಿದು ಕಾರು ನಿಲ್ಲಿಸುವ ಆ ತುಂಡು, ಚಹದಲ್ಲಿ ಅದ್ದಿದ ಬಿಸ್ಕೀಟಿನ ಅಂಚಿನಂತೆ ಕರಗಿ ಹೋಗಿತ್ತು.

"ಎಲ್ಲೆಲ್ಲಿ ಓಡಸ್ತೀರಿ ಇದನ್ನ?"

"ಶಲವಡಿ ಬಿಟ್ರ ಅಣ್ಣಿಗೇರಿ, ಅಣ್ಣಿಗೇರಿ ಬಿಟ್ರ ನವಲಗುಂದ. ಅಷ್ಟರಿ."

"ಅಗದಿ ಬಯಲು ದಾರಿ. ಏರಿಲ್ಲ, ಇಳವಿಲ್ಲ." ಕಾಕಾ ಪ್ಯಾಡನ್ನು ನನ್ನ ಕೈಯಲ್ಲಿಟ್ಟರು. "ಮಾಸ್ತರ್ರ, ನೀವು ಗಾಡಿ ಓಡಸೂದಿಲ್ರಿ. ಬ್ರೇಕ್ ಓಡಸ್ತೀರಿ."

ಮಾತು ನಿಜ. ದೂರದಲ್ಲಿ ಎಮ್ಮೆ ಕಂಡರೆ ನನ್ನ ಬಲಗಾಲು ಬ್ರೇಕಿನ ಮೇಲೆ ಹೋಗುತ್ತದೆ. ಎಮ್ಮೆಯಂಥ ಪೊದೆ ಕಂಡರೂ ಹೋಗುತ್ತದೆ. ಏನೂ ಕಾಣದಿದ್ದರೆ, ಇಷ್ಟು ಹೊತ್ತಾದರೂ ಏನೂ ಕಾಣಲಿಲ್ಲವಲ್ಲ ಎಂಬ ಗಾಬರಿಗೆ ಹೋಗುತ್ತದೆ. ಬೇರೆಯವರಿಗೆ ಮೂರು ವರ್ಷ ಬಾಳುವ ಪ್ಯಾಡು ನನಗೆ ಒಂದೂವರೆ ವರ್ಷ ಬಂದರೆ ಹೆಚ್ಚು. ಹಾಗಾಗಿ ನನ್ನ ಪುಕ್ಕಲುತನವೇ ನನ್ನನ್ನು ಮತ್ತೆ ಮತ್ತೆ ಕಾಕಾನ ಶೆಡ್ಡಿಗೆ ಕರೆದೊಯ್ದಿತು. ಒಂದೊಂದು ಸಲವೂ ಸವೆದ ಪ್ಯಾಡನ್ನು ಬೆಳಕಿಗೆ ಹಿಡಿದು, "ಈ ವರ್ಷದ ಚಿಂತಿ ಇಷ್ಟ ನೋಡ್ರಿ" ಎನ್ನುತ್ತಿದ್ದರು.

ಅವರದೊಂದು ಪದ್ಧತಿಯಿತ್ತು. ಬ್ರೇಕಿನ ಕೆಲಸ ಮುಗಿದ ಮೇಲೆ ಚಕ್ರವನ್ನು ನೆಲಕ್ಕಿಳಿಸುವ ಮೊದಲು ಯಾರನ್ನಾದರೂ ಡ್ರೈವರ್ ಸೀಟಿನಲ್ಲಿ ಕೂರಿಸುತ್ತಿದ್ದರು. ತಾವು ಚಕ್ರದ ಮುಂದೆ ಕುಕ್ಕರುಗಾಲಲ್ಲಿ ಕೂತು, ಆ ಅರ್ಧ ಹೆಬ್ಬೆರಳಿನ ಅಂಗೈಯನ್ನು ಟೈರಿನ ಮೇಲಿಡುತ್ತಿದ್ದರು. "ತುಳೀರಿ" ಎಂದರೆ ಪೆಡಲ್ ಒತ್ತಬೇಕು. ಅವರು ಎಷ್ಟು ತಿರುವಿದರೂ ಚಕ್ರ ಅಲುಗಬಾರದು. "ಸಾಕ್ರಿ" ಎಂದರೆ ಕಾಲು ತೆಗೆಯಬೇಕು. ಆಗ ಚಕ್ರ ತಿರುಗಬೇಕು, ಕಾಕಾ ಕುತ್ತಿಗೆ ವಾಲಿಸಿ ಅದರ ಸದ್ದು ಕೇಳಬೇಕು. ಇದಾಗದೆ ಒಂದು ಗಾಡಿಯೂ ಶೆಡ್ಡು ಬಿಡುತ್ತಿರಲಿಲ್ಲ. ಯಾರೂ ಇಲ್ಲದಿದ್ದರೆ ಒಳಗಿನಿಂದ ಕಾಕಿ ಬರಬೇಕು, ಕೈಗೆ ರೊಟ್ಟಿ ಹಿಟ್ಟು ಹತ್ತಿದ್ದರೂ ಸರಿ. ಗಂಡ ಹೆಂಡತಿ ತಮ್ಮತಮ್ಮಲ್ಲಿ ಉರ್ದು ಮಾತಾಡುತ್ತಿದ್ದರು, ಆದರೆ ಈ ಎರಡು ಮಾತು ಮಾತ್ರ ಕನ್ನಡದಲ್ಲೇ. ಅಣ್ಣಿಗೇರಿಯ ಅರ್ಧ ಗಾಡಿಗಳ ಬ್ರೇಕು ತುಳಿದವರು ಕಾಕಿ. ಒಂದನ್ನೂ ಓಡಿಸಿದವರಲ್ಲ.

ಎರಡು ವರ್ಷಗಳ ಹಿಂದೆ ಕಾಕಾನಿಗೆ ದಮ್ಮು ಹೆಚ್ಚಾಯಿತು. ಹತ್ತು ಹೆಜ್ಜೆಗೆ ಒಮ್ಮೆ ನಿಂತು ಉಸಿರು ಹುಡುಕಬೇಕು. ಶೆಡ್ಡು ಮುಚ್ಚಿದರು. ಅದೇ ಹೊತ್ತಿಗೆ ನನ್ನ ಪ್ಯಾಡು ಮತ್ತೆ ಸವೆದಿತ್ತು. ಬೇರೆ ಯಾರ ಹತ್ತಿರ ಹೋಗಲಿ ಎಂದು ಕೇಳಲು ಹೋದೆ.

"ಯಾರ ಕಡೆನೂ ಬ್ಯಾಡ್ರಿ. ನೀವ ಮಾಡ್ರಿ, ನಿಮ್ಮ ಮನ್ಯಾಗ. ನಾ ಕುರ್ಚಿ ಮ್ಯಾಲ ಕುಂತ ಬೈತೀನಿ."

"ಕಾಕಾ, ಬ್ರೇಕ್ ಅದು. ಏನರ ಹೆಚ್ಚುಕಮ್ಮಿ ಆದ್ರ?"

"ಅಂಜೂ ಮನಿಶಾನ ಬ್ರೇಕ್ ಕೆಲಸ ಕಲೀಬೇಕ್ರಿ. ಅಂಜದಾಂವ ನಟ್ಟ ಬಿಗಿ ಮಾಡೂದ ಮರೀತಾನ."

ಹೀಗೆ ಒಂದು ರವಿವಾರ ಕಾಕಾ ನಮ್ಮ ಅಂಗಳದಲ್ಲಿ ಕುರ್ಚಿ ಹಾಕಿಸಿಕೊಂಡು ಕೂತರು. ಮಾತಿಗೆ ತಪ್ಪದೆ ಬೈದರು. ಜ್ಯಾಕಿನ ಕೆಳಗೆ ಹಲಗೆ ಇಡಿಸಿದರು, ಹಿಂದಿನ ಚಕ್ರಕ್ಕೆ ಕಲ್ಲು ಕೊಡಿಸಿದರು, ಬಿಚ್ಚಿದ ಚಕ್ರವನ್ನು ಕಾರಿನ ಹೊಟ್ಟೆಯ ಕೆಳಗೆ ತಳ್ಳಿಸಿದರು. ಜ್ಯಾಕು ಜಾರಿದರೂ ಕಾರು ಅದರ ಮೇಲೆ ಕೂರಲಿ, ನನ್ನ ಮೇಲೆ ಬೇಡ ಎಂದು. ಪ್ಯಾಡನ್ನು ಹಿಡಿದಿರುವ ಭಾರದ ಕಬ್ಬಿಣವನ್ನು ಬಿಚ್ಚಿ ಜೋತುಬಿಡಲು ಹೋದಾಗ ಗದರಿದರು. "ಏ ಏ, ಪೈಪ್ ಮ್ಯಾಲ ಭಾರ ಬಿಡಬ್ಯಾಡ್ರಿ! ಕೂಸಿನ ಕೈ ಹಿಡದ ಜಗ್ಗಿದಂಗ ಆಗ್ತದ. ತಂತಿಲೆ ಕಟ್ರಿ." ಪ್ಯಾಡನ್ನು ನೂಕಿ ನೂಕಿ ಹೊರಗೆ ಬಂದ ಪಿಸ್ಟನ್ನನ್ನು ಒಳಗೆ ತಳ್ಳಬೇಕಾದಾಗ ನಾನು ಮರದ ತುಂಡು ಹುಡುಕುತ್ತಿದ್ದೆ. ಕಾಕಾ ಹಳೆಯ ಪ್ಯಾಡನ್ನೇ ಕೊಟ್ಟರು. ಅದನ್ನು ಪಿಸ್ಟನ್ನಿಗೆ ಆನಿಸಿ ಮೆಲ್ಲಗೆ ಅಮುಕಿದರೆ ಹೊಸದು ಕೂರುವಷ್ಟು ಜಾಗ ಆಗುತ್ತದೆ.

"ಹೊಸಾದಕ್ಕ ಜಾಗಾ ಮಾಡಿ ಕೊಡೂದ ಹಳೇದರ ಕಡೀ ಕೆಲಸರಿ," ಎಂದರು. ಹೇಳಿ, ಕೆಮ್ಮಿದರು.

ಕೊನೆಯ ಪರೀಕ್ಷೆಗೆ ಮಾತ್ರ ಅವರು ಕುರ್ಚಿಯ ಮೇಲೆ ಉಳಿಯಲಿಲ್ಲ. ಬೇಡವೆಂದರೂ ಕೇಳದೆ, ನನ್ನ ಭುಜ ಹಿಡಿದು ನೆಲಕ್ಕಿಳಿದು, ಟೈರಿನ ಮೇಲೆ ಅಂಗೈಯಿಟ್ಟರು. ನಾನು ಸೀಟಿನಲ್ಲಿ ಕೂತೆ. "ತುಳೀರಿ." ಪೆಡಲ್ ಮೆತ್ತಗೆ ನೆಲಕ್ಕೆ ಹೋಯಿತು. ನನ್ನ ಜೀವವೂ ಅದರ ಜೊತೆ ಹೋಯಿತು. "ಅಂಜಬ್ಯಾಡ್ರಿ, ಮದಲ್ನೇದು ಖಾಲಿ ಇರ್ತದ. ಮತ್ತ ತುಳೀರಿ." ನಾಲ್ಕನೆಯ ಸಲಕ್ಕೆ ಪೆಡಲ್ ಗಟ್ಟಿಯಾಯಿತು. "ಸಾಕ್ರಿ."

ಚಹ ಕುಡಿಯುವಾಗ ಹೆಬ್ಬೆರಳಿನ ಕತೆ ಹೇಳಿದರು. ಹುಬ್ಬಳ್ಳಿಯ ಒಂದು ಗ್ಯಾರೇಜಿನಲ್ಲಿ ಕೆಲಸಕ್ಕಿದ್ದ ಕಾಲ. ಗಾಡಿಯ ಮಾಲೀಕರಿಗೆ ಮದುವೆಗೆ ಹೋಗುವ ಗಡಿಬಿಡಿ. ಪ್ಯಾಡು ಹಾಕಿ ಚಕ್ರ ಇಳಿಸಿ, ಹೋಗ್ರಿ ಎಂದು, ಇವರು ಹಿಂದೆ ಗೋಡೆಯ ಹತ್ತಿರ ಜ್ಯಾಕು ಎತ್ತಿಕೊಳ್ಳಲು ಬಗ್ಗಿದ್ದಾರೆ. ಗಾಡಿ ಹಿಂದಕ್ಕೆ ಬಂತು. ಮಾಲೀಕರು ಬ್ರೇಕು ತುಳಿದರು. ಮೊದಲನೆಯದು ಖಾಲಿ.

"ಆ ಸಾಹೇಬ್ರು ಬ್ರೇಕ್ ಫೇಲ್ ಆತು ಅಂತ ಕೈ ಮುಗದ ಅತ್ರು, ಪಾಪ. ಬ್ರೇಕಿಂದೇನ ತಪ್ಪಿರಲಿಲ್ರಿ. ನಾ ತುಳೀರಿ ಅನ್ನಲಿಲ್ಲ. ಅಷ್ಟ." ಅರ್ಧ ಹೆಬ್ಬೆರಳಿನಿಂದ ಕಪ್ಪಿನ ಅಂಚು ಒರೆಸಿದರು. "ಬೆರಳ ಹೋತು, ಚಲೋ ಆತು. ಯಾರದರ ಜೀವ ಹೋಗಿದ್ರ ನನ್ನ ಕೈಲೆ ಮತ್ತ ಪಾನಾ ಹಿಡ್ಯಾಕ ಆಗ್ತಿರಲಿಲ್ಲ."

ಅವರನ್ನು ಕೊನೆಯ ಸಲ ನೋಡಲು ಹೋದಾಗ ಹೊರಸಿನ ಮೇಲೆ ದಿಂಬಿಗೊರಗಿ ಕೂತಿದ್ದರು. ಮಲಗಿದರೆ ಉಸಿರು ಸಿಗುತ್ತಿರಲಿಲ್ಲ. "ಪ್ಯಾಡ್ ಹೆಂಗದಾವ್ರಿ?" ಎಂದು ಕೇಳಿದರು. ಮತ್ತೆ ಸವೆದಿದ್ದವು. ಹೊಸದನ್ನು ತಂದೂ ಇಟ್ಟಿದ್ದೆ. ಆದರೆ ಆ ಸ್ಥಿತಿಯಲ್ಲಿ ಅವರಿಗೇಕೆ ತೊಂದರೆ ಎಂದು, "ಇನ್ನೂ ಆರ ತಿಂಗಳ ಚಿಂತಿಲ್ರಿ ಕಾಕಾ" ಎಂದೆ. ನಾನು ಚಿಂತಿಲ್ಲ ಎಂದದ್ದೇ ಅವರಿಗೆ ಅನುಮಾನ ತಂದಿರಬೇಕು. ಹೊರಗೆ ಬಂದು ಕಾರು ತಿರುಗಿಸಿ ರಸ್ತೆಯ ಅಂಚಿಗೆ ನಿಲ್ಲಿಸಿದೆ, ಚಕ್ರ ಕಿರ್‍ ಎಂದಿತು. ಕಾಕಿ ಸೆರಗು ಸರಿಮಾಡಿಕೊಳ್ಳುತ್ತ ಓಡಿ ಬಂದರು.

"ನಿಂದರ್ರಿ ಮಾಸ್ತರ್ರ! ಒಳಗಿಂದ ಹೇಳಾಕ ಹತ್ಯಾರ, ನಿಮ್ಮ ಗಾಡಿ ನಿಮ್ಮಂಗ ಸುಳ್ಳ ಹೇಳೂದಿಲ್ಲಂತ."

ನಾಚಿಕೆಯಿಂದ ಒಳಗೆ ಹೋದೆ. ಕಾಕಾ ನಗುತ್ತಿದ್ದರು, ನಕ್ಕದ್ದಕ್ಕೂ ಉಸಿರು ಸಾಲದೆ ಕೈ ಸನ್ನೆ ಮಾಡಿ ಸ್ವಲ್ಪ ತಡೆಯಿರಿ ಎಂದರು. ಆಮೇಲೆ ಹೇಳಿದರು: "ರವಿವಾರ ಗಾಡಿ ತಗೊಂಡ ಬರ್ರಿ. ಇಲ್ಲೇ ಬಾಗಲದಾಗ ಬಿಚ್ಚೂಣು. ಕೈಲೆ ಏನೂ ಆಗೂದಿಲ್ರಿ ನನಗ. ಆದ್ರ ಸಾಕು ಅನ್ನಾಕ ಬರ್ತದಲ್ಲ."

ಗುರುವಾರ ಹೋಗಿಬಿಟ್ಟರು.

ಮಣ್ಣಿಗೆ ನಾನು ಬಸ್ಸಿನಲ್ಲಿ ಹೋದೆ. ಆ ಕಿರುಗುಟ್ಟುವ ಕಾರನ್ನು ಅವರ ಮುಂದೆ ಒಯ್ಯುವ ಧೈರ್ಯ ಇರಲಿಲ್ಲ. ಆಮೇಲೂ ಅದಕ್ಕೆ ತಾಡಪತ್ರಿ ಹೊದಿಸಿಟ್ಟು ಬಸ್ಸಿನಲ್ಲೇ ಓಡಾಡಿದೆ. ಹೊಸ ಪ್ಯಾಡುಗಳು ಕಪಾಟಿನಲ್ಲಿ, ತಿದ್ದದೆ ಬಿಟ್ಟ ಉತ್ತರಪತ್ರಿಕೆಗಳ ಮೇಲೆ ಕೂತಿದ್ದವು.

ನಾಲ್ಕು ತಿಂಗಳು ಹತ್ತು ದಿನ ಕಾಕಿ ತಮ್ಮ ಪದ್ಧತಿಯಂತೆ ಮನೆಯಿಂದ ಹೊರಗೆ ಕಾಲಿಡಲಿಲ್ಲ. ಅದು ಮುಗಿದ ಮೇಲೆ ದುಮ್ಮವಾಡದ ಮಗಳ ಮನೆಗೆ ಹೋಗಿ ಇರುವುದೆಂದು ನಿಶ್ಚಯವಾಯಿತು. ಬಾಡಿಗೆ ಗಾಡಿ ಗೊತ್ತು ಮಾಡಿಕೊಡಲೇ ಎಂದು ಕೇಳಿದೆ.

"ಬ್ಯಾಡ್ರಿ. ನಿಮ್ಮ ಗಾಡ್ಯಾಗ ಬರ್ತೀನಿ."

"ಕಾಕಿ, ಅದರ ಬ್ರೇಕ್ ಇನ್ನೂ ಹಾಕಿಸಿಲ್ರಿ. ಹುಬ್ಬಳ್ಳಿಗೆ ಒಯ್ದು..."

"ಹಾಕಸೂದ್ಯಾಕ? ನಿಮಗ ಕಲಿಸಿ ಹೋಗ್ಯಾರಲ್ಲ. ನೀವ ಹಾಕ್ರಿ. ಅದರಾಗ ಕುಂತ ನೋಡ್ತೀನಿ, ಅವರು ಹೆಂಗ ಕಲಿಸ್ಯಾರ ಅಂತ."

ನನ್ನ ಹೆಂಡತಿ ಇದನ್ನು ಕೇಳಿ ಹಣೆ ಒತ್ತಿಕೊಂಡಳು. "ಗ್ಯಾಸ್ ಬಂದ್ ಮಾಡೀನೋ ಇಲ್ಲೋ ಅಂತ ಅರ್ಧ ದಾರಿಯಿಂದ ತಿರುಗಿ ಬರಾವ್ರು ನೀವು. ಪಾಪ, ಆ ಹೆಂಗಸನ್ನ ಕುಂದರಿಸಿಕೊಂಡ ಅಷ್ಟ ದೂರ ಹೋಗ್ತೀರಾ?"

ಹೊರಡುವ ದಿನ, ರವಿವಾರ ಬೆಳಿಗ್ಗೆ, ಅಂಗಳದಲ್ಲಿ ಕೆಲಸ ಮಾಡಿದೆ. ಹಲಗೆ, ಕಲ್ಲು, ತಂತಿ, ಹಳೆಯ ಪ್ಯಾಡಿನ ಕಡೆಯ ಕೆಲಸ, ಯಾವುದನ್ನೂ ಬಿಡಲಿಲ್ಲ. ನಟ್ಟುಗಳನ್ನು ಬಿಗಿ ಮಾಡಿ, ಕೈ ತೊಳೆದು, ಕೈ ಒರೆಸಿಕೊಂಡು, ಮತ್ತೆ ಹೋಗಿ ಬಿಗಿ ಮಾಡಿದೆ.

ಅಣ್ಣಿಗೇರಿಗೆ ಹೋದಾಗ ಕಾಕಿ ಗಂಟು ಕಟ್ಟಿಕೊಂಡು ಬಾಗಿಲಲ್ಲೇ ನಿಂತಿದ್ದರು. ಹತ್ತುವ ಮೊದಲು ಮುಂದಿನ ಚಕ್ರವನ್ನು ನೋಡಿ ಕೇಳಿದರು:

"ತುಳದ ನೋಡಿದ್ರಿ?"

"ನೋಡೀನ್ರಿ. ಮನ್ಯಾಕಿ ತುಳದ್ಲು, ನಾ ಕೈಯಿಟ್ಟಿದ್ದೆ."

"ಸಾಕು ಅಂದಾವ್ರು ಯಾರು?"

"ನಾನ ಅಂದೆ, ಕಾಕಿ."

ಬ್ರೇಕಿನ ವಿಷಯದಲ್ಲಿ ಆ ಮನೆಯವರಿಗೆ ನಾನು ಹೇಳಿದ ಎರಡನೆಯ ಸುಳ್ಳು ಅದು. ಮೊದಲನೆಯದನ್ನು ಕಾರೇ ಹಿಡಿದುಕೊಟ್ಟಿತ್ತು. ಇದಕ್ಕೆ ಸದ್ದಿರಲಿಲ್ಲ.

ದಾರಿಯುದ್ದಕ್ಕೂ ನಾನು ತುಳಿದಾಗಲೆಲ್ಲ ಕಾಕಿಯ ಬಲಗಾಲೂ ಕೆಳಗಿನ ಮ್ಯಾಟನ್ನು ಒತ್ತುತ್ತಿತ್ತು. ದುಮ್ಮವಾಡ ಇನ್ನೇನು ಬಂತು ಎನ್ನುವಾಗ ಇಳಿಜಾರಿನಲ್ಲಿ ಕುರಿಹಿಂಡು ಅಡ್ಡ ಬಂತು. ತುಳಿದೆ. ಕಾರು ಹೂವು ಇಳಿಸಿದಂತೆ ನಿಂತಿತು. ಕಾಕಿ ಕುರಿಗಳನ್ನು ನೋಡಲಿಲ್ಲ. ಕಣ್ಣು ಮುಚ್ಚಿಕೊಂಡು ಕುತ್ತಿಗೆ ಸ್ವಲ್ಪ ವಾಲಿಸಿ, ಚಕ್ರದ ಸದ್ದಿಗೆ ಕಿವಿ ಕೊಟ್ಟಿದ್ದರು.

ಮಗಳ ಮನೆಯ ಮುಂದೆ ಇಳಿದವರು ಮುಂದಿನ ಚಕ್ರದ ಹತ್ತಿರ ಬಗ್ಗಿ ಕೈಯಿಟ್ಟು, ಚುರ್ರೆಂದಿರಬೇಕು, ತಟ್ಟನೆ ಹಿಂದೆಗೆದರು. "ಯಾ ಅಲ್ಲಾ, ಹೆಂಚ ಆಗೇತಿ! ಇನ್ನೂ ಬ್ರೇಕ್ ಓಡಸೂದ ಬಿಟ್ಟಿಲ್ರಿ ನೀವು," ಎಂದು ನಕ್ಕರು. ಆಮೇಲೆ ಅದೇ ಕೈಯಿಂದ ಕಣ್ಣೊರೆಸಿಕೊಂಡರು. ಕೆನ್ನೆಯ ಮೇಲೆ ಪ್ಯಾಡಿನ ಕಪ್ಪು ಹುಡಿ ಉಳಿಯಿತು.

ಇನ್ನು ತಪ್ಪಿದ ಆ ಸಣ್ಣ ಸಂಗತಿ. ಅದು ಬೆಳಿಗ್ಗೆ ನಮ್ಮ ಅಂಗಳದಲ್ಲೇ ಆದದ್ದು.

ಪೆಡಲ್ ನಾಲ್ಕನೆಯ ಸಲಕ್ಕೆ ಗಟ್ಟಿಯಾದ ಮೇಲೆ ಹೆಂಡತಿಯನ್ನು ಸೀಟಿನಲ್ಲಿ ಕೂರಿಸಿದ್ದೆ. ಚಕ್ರದ ಮುಂದೆ ಕುಕ್ಕರುಗಾಲಲ್ಲಿ ಕೂತೆ. ಎಡ ಅಂಗೈ ಟೈರಿನ ಮೇಲಿಟ್ಟೆ. "ತುಳಿ" ಎಂದೆ. ತುಳಿದಳು. ತಿರುವಿ ನೋಡಿದೆ, ಗೋಡೆಯಂತೆ ನಿಂತಿತ್ತು. ಇನ್ನು ಒಂದು ಮಾತು ಹೇಳಬೇಕಿತ್ತು. ಬಾಯಿ ತೆರೆದೆ. ಬರಲಿಲ್ಲ. ಅದು ನನ್ನ ಮಾತಲ್ಲ ಎನಿಸಿತೋ, ನಾನು ಅಂದುಬಿಟ್ಟರೆ ಕಾಕಾ ಇನ್ನು ಅನ್ನುವುದಿಲ್ಲ ಎಂದು ಖಾತ್ರಿಯಾಗುತ್ತದೆ ಎನಿಸಿತೋ, ತಿಳಿಯದು.

"ಸಾಕೇನ್ರಿ?" ಎಂದಳು ಹೆಂಡತಿ ಒಳಗಿನಿಂದ. "ಏನರ ಒಂದ ಹೇಳ್ರಲಾ, ಕಾಲ ನೋಯಾಕ ಹತ್ತೇತಿ."

ಟೈರಿನ ಮೇಲೆ ಕೈಯಿಟ್ಟುಕೊಂಡೇ ಕೂತಿದ್ದೆ. ಕಾದು ಕಾದು ಆಕೆ ತಾನೇ ಕಾಲು ತೆಗೆದಳು. ನನ್ನ ಅಂಗೈ ಕೆಳಗೆ ಚಕ್ರ ಸದ್ದಿಲ್ಲದೆ ತಿರುಗಿತು.