ಮಗ್ಗದ ಕುಳಿಯಲ್ಲಿ ಚಿಕ್ಕಪ್ಪ

ನಾಡಿನ ಏಳಿಗೆಯ ಭಾರವೆಲ್ಲ ಗಂಡಸರ ಹೆಗಲ ಮೇಲಿದೆ ಎಂದೇ ನಂಬಿದ್ದೆ, ನಮ್ಮ ಚಿಕ್ಕಪ್ಪ ಮಗ್ಗದ ಕುಳಿಗೆ ಇಳಿಯುವವರೆಗೆ.

ಎಂಬತ್ತರ ದಶಕದಲ್ಲಿ ಸಿರುಮುಗೈ ಎಂಬ ನೇಕಾರರ ಊರಿನ ನಮ್ಮ ಮನೆಗೆ ನೇಕಾರರ ಸಂಘದ ಅಧಿಕಾರಿ ಬಂದರು. ಸದಸ್ಯರು ನೇಯ್ದು ತೋರಿಸಬೇಕು, ಇಲ್ಲವಾದರೆ ಮನೆಗೆ ನೂಲು ಬಂದ್. ಸಂಘದ ಪುಸ್ತಕದಲ್ಲಿ ಸದಸ್ಯರೆಂದು ಇದ್ದದ್ದು ಚಿಕ್ಕಪ್ಪನ ಹೆಸರು. ಅವರು ಶಲ್ಯ ಸರಿಪಡಿಸಿಕೊಂಡು ನೇಯುವವರು ಕಾಲಿಳಿಬಿಡಲು ಮಗ್ಗದಡಿ ತೋಡಿದ ಕುಳಿಗೆ ಗಂಭೀರವಾಗಿ ಇಳಿದು ಕುಳಿತರು. ಮೊಣಕಾಲೆರಡೂ ಮಗ್ಗದಡಿ ಸಿಕ್ಕಿಕೊಂಡವು.

“ಅದು ನನ್ ಕಾಲಳತೆಗೆ ತೋಡಿದ್ ಕುಳಿ, ಸಾರ್,” ಎನ್ನುತ್ತ ಚಿಕ್ಕಮ್ಮ ಅಡುಗೆಮನೆಯಿಂದ ಬಂದರು. “ಮೊದ್ಲು ಇವ್ರನ್ನ ಮೇಲೆತ್ತಿ. ನೂಲೆಲ್ಲಾ ಕಿತ್ತೋಗುತ್ತೆ!”

ನಾನೂ ಅಧಿಕಾರಿಯೂ ಸೇರಿ ಎತ್ತಿದೆವು. ಚಿಕ್ಕಮ್ಮ ಕುಳಿತು, ಅಧಿಕಾರಿಯ ಕಾಫಿ ಆರುವಷ್ಟರಲ್ಲಿ ನಾಲ್ಕು ಬೆರಳಗಲ ನೇಯ್ದರು.

“ಇಷ್ಟು ವರ್ಷ ಯಾಕಮ್ಮಾ ಹೇಳಲಿಲ್ಲ?”

“ಯಾರ್ ಕೇಳಿದ್ರು, ಸಾರ್?”

ಅಧಿಕಾರಿ ಪುಸ್ತಕದಲ್ಲಿ ಹೆಸರು ತಿದ್ದಿದರು. ಮುಂದಿನ ವಾರದ ನೂಲು ಚಿಕ್ಕಮ್ಮನ ಹೆಸರಿಗೆ ಬಂತು.